ಇನ್ನು ಬೇಡವೇ?

ಆ ಬೀದಿಯಲ್ಲಿ ಜನರಿಗೆ ಅಡ್ಡಹೆಸರು ಬೀಳುವುದು ಅವರ ಬಾಯಿಗೆ ಅಂಟಿದ ಮಾತಿನಿಂದ. ಯಾವ ಕೆಲಸ ಹೇಳಿದರೂ ‘ನೋಡೋಣ’ ಎನ್ನುವ ಕಂಪ್ಯೂಟರ್ ರಿಪೇರಿಯವನು ನೋಡೋಣ ಎಂದೇ ಆಗಿಬಿಟ್ಟಿದ್ದ. ಶಾಲೆಯ ವ್ಯಾನು ಓಡಿಸುವವನು, ಕೇಳಿದ್ದಕ್ಕೆಲ್ಲ ‘ಹೂಂ’ ಎಂದು ಬಾಯಿ ಮುಚ್ಚಿಕೊಳ್ಳುವುದರಿಂದ, ಹೂಂ. ಅವನ ಹೆಂಡತಿಯದು ಇನ್ನೂ ಸೊಗಸು. ಯಾರು ಏನು ಹೇಳಿದರೂ ತನಗೆ ಈಗಷ್ಟೇ ಹೊಳೆಯಿತೆಂಬಂತೆ ಕಣ್ಣರಳಿಸಿ ‘ಹೌದಲ್ಲ!’ ಎನ್ನುವುದು ಅವಳ ರೂಢಿ. ಹಾಗಾಗಿ ಅವಳು ಹೌದಲ್ಲಮ್ಮ. “ಹೌದೋ ಅಲ್ವೋ, ಒಂದೂ ತೀರ್ಮಾನ ಆಗದ ಹೆಸರು ಕಣ್ರೀ ನಿಮ್ದು” ಎಂದು ಕೆಳಗಿನ ಮನೆಯ ದರ್ಜಿಯಮ್ಮ ಛೇಡಿಸುತ್ತಿದ್ದಳು. ಹೌದಲ್ಲಮ್ಮ ಒಂದು ಕ್ಷಣ ಯೋಚಿಸಿ, “ಹೌದಲ್ಲ!” ಎನ್ನುತ್ತಿದ್ದಳು.

ಅವಳು ಮೊದಲು ಒಂದು ಅಚ್ಚುಕೂಟದಲ್ಲಿ ಕರಡು ತಿದ್ದುತ್ತಿದ್ದಳು. ಬೇರೆಯವರು ಬರೆದದ್ದರಲ್ಲಿ ಒತ್ತು, ದೀರ್ಘ, ಅಲ್ಪವಿರಾಮ ಸರಿಮಾಡುವುದಷ್ಟೇ ಕೆಲಸ. ಆದರೆ ಕೈ ಸುಮ್ಮನಿರಬೇಕಲ್ಲ! ಒಂದು ಸಾಲಿನಲ್ಲಿ ಮುಗಿಯುವ ಮಾತನ್ನು ಯಾರಾದರೂ ಎಳೆದೆಳೆದು ಪುಟ ತುಂಬಿಸಿದ್ದರೆ ಅವಳ ಕೈ ತುರಿಸುತ್ತಿತ್ತು. ಬರೆದವರಿಗೆ ಗೊತ್ತಾಗದ ಹಾಗೆ ಒಂದೆರಡು ಪದ ಕಿತ್ತುಹಾಕುತ್ತಿದ್ದಳು, ಗೊತ್ತಾದವರಿಂದ ಬೈಸಿಕೊಳ್ಳುತ್ತಿದ್ದಳು, ಮತ್ತೆ ಕೀಳುತ್ತಿದ್ದಳು. ಅಕ್ಕಿಯಲ್ಲಿ ಕಲ್ಲು ಆರಿಸಿದಷ್ಟು ಸಮಾಧಾನ ಅವಳಿಗೆ ಅದರಲ್ಲಿ.

ಅಚ್ಚುಕೂಟ ಮುಚ್ಚಿದ ಮೇಲೆ ಅವಳನ್ನು ಕೆಲಸಕ್ಕೆ ಕರೆದವರು ಕೀಲಿಮಣೆ ಸಾಹೇಬರು. ಹಿಂದೆ ಟೈಪ್‌ರೈಟರ್ ಮಾರುತ್ತಿದ್ದ ಮನುಷ್ಯ. ಕಾಲ ಬದಲಾದಾಗ, ಕಂಪ್ಯೂಟರಿನಲ್ಲಿ ಕನ್ನಡ ಟೈಪ್ ಮಾಡುವ ಒಂದು ತಂತ್ರಾಂಶ ಮಾಡಿಸಿ, ಸೈಕಲ್ ಅಂಗಡಿಯ ಮೇಲಿನ ಕೋಣೆಯಲ್ಲಿ ಕಚೇರಿ ಇಟ್ಟುಕೊಂಡಿದ್ದರು. ಹಳೆಯ ಕಸುಬಿನ ಮೋಹ ಹೋಗಿರಲಿಲ್ಲ. ಆ ತಂತ್ರಾಂಶದಲ್ಲಿ ಒಂದೊಂದು ಅಕ್ಷರ ಒತ್ತಿದಾಗಲೂ ಸ್ಪೀಕರಿನಿಂದ ಟೈಪ್‌ರೈಟರಿನ ‘ಟಕ್’ ಸದ್ದು ಬರಬೇಕು, ಸಾಲು ಮುಗಿದಾಗ ‘ಟಿಣ್’ ಎನ್ನಬೇಕು. ಕೊಂಡವರಲ್ಲಿ ಮುಕ್ಕಾಲು ಜನ ಮೊದಲ ದಿನವೇ ಆ ಸದ್ದನ್ನು ನಿಲ್ಲಿಸಿಬಿಡುತ್ತಿದ್ದರು ಎಂಬುದು ಬೇರೆ ಮಾತು. ತೆರೆಯ ಮೇಲೆ ಬರುವ ಸೂಚನೆ, ಪ್ರಶ್ನೆ, ಎಚ್ಚರಿಕೆಗಳನ್ನೆಲ್ಲ ಕನ್ನಡಕ್ಕೆ ತರುವುದು ಹೌದಲ್ಲಮ್ಮನ ಪಾಲಿನ ಕೆಲಸ.

ಈ ಕೆಲಸಕ್ಕೆಂದೇ ಅವಳು ಹುಟ್ಟಿದ್ದಳು ಎಂದರೂ ಸರಿ. ತೆರೆಯ ಮೇಲಿನ ಚೌಕ ಚಿಕ್ಕದು, ಕನ್ನಡದ ಪದಗಳು ಉದ್ದ. ಚೌಕದ ಆಚೆಗೆ ಅಕ್ಷರ ಚಾಚಿದರೆ ಬಾಲ ಕತ್ತರಿಸಿಹೋಗುತ್ತದೆ. ಅಲ್ಲಿ ಬರೆಯುವುದೆಂದರೆ ಕಿತ್ತುಹಾಕುವುದೇ. ತಂತ್ರಾಂಶದ ಹಳೆಯ ಆವೃತ್ತಿಯನ್ನು ತೆಗೆಯುವಾಗ ಬರುವ ಒಂದು ಪ್ರಶ್ನೆ ಇತ್ತು. ಹಿಂದೆ ಯಾರೋ ಅದನ್ನು ಹೀಗೆ ಬರೆದಿದ್ದರು: ‘ಈ ಕಡತವು ಹಂಚಿಕೆಯ ಕಡತವಾಗಿದ್ದು, ಪ್ರಸ್ತುತ ಇತರ ಯಾವುದೇ ತಂತ್ರಾಂಶವು ಇದನ್ನು ಬಳಸುತ್ತಿರುವಂತೆ ಕಂಡುಬರುವುದಿಲ್ಲವಾದ್ದರಿಂದ ಇದನ್ನು ತೆಗೆದುಹಾಕಲು ತಾವು ಇಚ್ಛಿಸುವಿರಾ?’ ಓದಿ ಮುಗಿಸುವಷ್ಟರಲ್ಲಿ ಉಸಿರು ಕಟ್ಟುತ್ತದೆ. ಹೌದಲ್ಲಮ್ಮ ಇಡೀ ಮಧ್ಯಾಹ್ನ ಅದರ ಜೊತೆ ಗುದ್ದಾಡಿ ಇಳಿಸಿದ್ದು ಇಷ್ಟಕ್ಕೆ: ‘ಈ ಹಂಚಿಕೆ ಕಡತ ಇನ್ನು ಬೇಡವೇ?’ ಕೆಳಗೆ ಎರಡು ಗುಂಡಿ: ‘ಹೌದು’, ‘ಇಲ್ಲ’.

“ಅಬ್ಬಾ! ಚೌಕದೊಳಗೆ ಜಾಗ ಮಿಕ್ಕಿಬಿಡ್ತಲ್ಲಮ್ಮಾ!” ಎಂದರು ಸಾಹೇಬರು.

ಹೌದಲ್ಲಮ್ಮನಿಗೆ ಮನೆಗೆ ಬರುವ ದಾರಿಯುದ್ದಕ್ಕೂ ನೆಲ ಕಾಣಲಿಲ್ಲ. ಅಷ್ಟು ಚೊಕ್ಕ ವಾಕ್ಯವನ್ನು ತಾನು ಈವರೆಗೆ ಬರೆದಿಲ್ಲ ಎಂದು ಅವಳು ನಂಬಿದಳು.

ಈಗ ಅತ್ತಿಗೆಯ ಮಾತಿಗೆ ಬರಬೇಕು. ಹೂಂನ ಅಕ್ಕ ಅವರು. ಹೌದಲ್ಲಮ್ಮ ಅತ್ತಿಗೆ ಎಂದು ಕರೆದದ್ದರಿಂದ ಬೀದಿಗೆಲ್ಲ ಅತ್ತಿಗೆಯಾಗಿದ್ದರು. ಒಂದು ದೊಡ್ಡ ಆಸ್ಪತ್ರೆಯಲ್ಲಿ ಟೆಲಿಫೋನ್ ಆಪರೇಟರ್ ಆಗಿದ್ದವರು. ‘ಹಲೋ’ ಎಂಬ ಒಂದೇ ಮಾತಿನಿಂದ ಆಚೆಯವರು ಅಳುತ್ತಿದ್ದಾರೋ ಅವಸರದಲ್ಲಿದ್ದಾರೋ ಹೇಳಬಲ್ಲವರು. ನಡುವಯಸ್ಸಿಗೆ ಬರುತ್ತಲೇ ಅವರ ಕಣ್ಣು ಅಂಚಿನಿಂದ ಮಬ್ಬಾಗುತ್ತ ಬಂದು, ಕೊನೆಗೆ ಪೂರ್ತಿ ಕತ್ತಲಾಯಿತು. ತಮ್ಮನೇ ಹೋಗಿ, ವ್ಯಾನಿನಲ್ಲಿ ಸಾಮಾನು ಹಾಕಿಕೊಂಡು, ಕರೆದುಕೊಂಡು ಬಂದಿದ್ದ. ಹೌದಲ್ಲಮ್ಮನಿಗೆ ಒಡಹುಟ್ಟಿದವರಿಲ್ಲ. ಅತ್ತಿಗೆ ಬಂದ ಮೇಲೆ ಮನೆಯಲ್ಲಿ ಮಾತಿಗೆ ಜೊತೆ ಸಿಕ್ಕಿತು, ನಗುವುದಕ್ಕೂ ಸಿಕ್ಕಿತು. ಅಲ್ಲಿಯವರೆಗೆ ಅವಳು ಮಾತಾಡುತ್ತಿದ್ದುದು ಹೂಂ ಜೊತೆ. ಅದು ಗೋಡೆಗೆ ಚೆಂಡು ಎಸೆದ ಹಾಗೆ.

ಮನೆಯ ಕಂಪ್ಯೂಟರಿಗೆ ನೋಡೋಣ ಒಂದು ಓದುವ ತಂತ್ರಾಂಶ ಹಾಕಿಕೊಟ್ಟಿದ್ದ. ತೆರೆಯ ಮೇಲೆ ಏನಿದ್ದರೂ, ಅತ್ತಿಗೆ ಏನು ಟೈಪ್ ಮಾಡಿದರೂ, ಅದು ಗಟ್ಟಿಯಾಗಿ ಓದಿ ಹೇಳುತ್ತಿತ್ತು. ಆ ಧ್ವನಿ ಪೂರ್ತಿ ಮೂಗಿನಿಂದ ಬರುತ್ತಿತ್ತು. ಅತ್ತಿಗೆ ಅದಕ್ಕೆ ನೆಗಡಿಯಪ್ಪ ಎಂದು ಹೆಸರಿಟ್ಟಿದ್ದರು. ಕಂಪ್ಯೂಟರ್ ಹಾಕಿದೊಡನೆ ನೆಗಡಿಯಪ್ಪ ‘ನಮಸ್ಕಾರ, ಸಿದ್ಧ’ ಎನ್ನುತ್ತಿದ್ದ. “ಏನಪ್ಪಾ, ಇವತ್ತೂ ಮೂಗು ಕಟ್ಟಿದ್ಯಾ?” ಎಂದು ಅತ್ತಿಗೆ ಕೇಳಿ ಕೆಲಸ ಶುರುಮಾಡುತ್ತಿದ್ದರು.

ಎಲ್ಲ ಸರಿಯಿತ್ತು. ಆದರೆ ಒಂದು ಸಂಜೆ ಅತ್ತಿಗೆ ವರಾಂಡದಲ್ಲಿ ತಮ್ಮನ ಹತ್ತಿರ ಏನೋ ಮಾತಾಡಿ ಒಳಗೆ ಬಂದವರು, ಆಮೇಲೆ ಸ್ವಲ್ಪ ದಿನಕ್ಕೆ ಹೊಸ ರಾಗ ತೆಗೆದರು. ಊರಾಚೆ ಕಣ್ಣು ಕಾಣದವರಿಗೆಂದೇ ಇರುವ ವಸತಿಗೃಹಕ್ಕೆ ತಾನು ಹೋಗುವುದು ಒಳ್ಳೆಯದು ಎಂಬ ರಾಗ. ಹೌದಲ್ಲಮ್ಮ ಬೇಡಿಕೊಂಡಳು, ಮುನಿಸಿಕೊಂಡಳು. ಅತ್ತಿಗೆ ಹಿಡಿದ ಪಟ್ಟು ಬಿಡುವವರಲ್ಲ. ಕೊನೆಗೆ ಒಂದು ಒಪ್ಪಂದಕ್ಕೆ ಬಂದರು. ಒಂದು ಕಾಲೇಜಿನವರು ಹಳೆಯ ಗಿರಣಿ ಕೆಲಸಗಾರರನ್ನು ಮಾತಾಡಿಸಿ ಧ್ವನಿಮುದ್ರಣ ಮಾಡಿಟ್ಟುಕೊಂಡಿದ್ದರು. ಅದನ್ನು ಕೇಳಿ ಟೈಪ್ ಮಾಡಿಕೊಡುವವರು ಅವರಿಗೆ ಬೇಕಿತ್ತು. ಪರೀಕ್ಷೆಗೆಂದು ಒಬ್ಬ ಮುದುಕನ ಮಾತನ್ನು ಅತ್ತಿಗೆಗೆ ಕೊಟ್ಟಿದ್ದರು. ವಾರದ ಕೊನೆಗೆ ಒಪ್ಪಿಸಬೇಕು.

“ಈ ಕೆಲಸ ಕೈಗೆ ಹತ್ತಿದ್ರೆ ಇಲ್ಲೇ ಇರ್ತೀನಿ,” ಎಂದರು ಅತ್ತಿಗೆ. “ಹತ್ತಲಿಲ್ವಾ, ನನ್ನ ಪೆಟ್ಟಿಗೆ ವ್ಯಾನಿಗೆ ಹಾಕ್ಬೇಕು. ಆಮೇಲೆ ಅಳೋ ಹಾಗಿಲ್ಲ.”

ಹೌದಲ್ಲಮ್ಮ ಒಪ್ಪಿದಳು. ಅತ್ತಿಗೆಯ ಕಿವಿಯ ಮೇಲೆ ಅವಳಿಗೆ ಅಷ್ಟು ನಂಬಿಕೆ.

ಕೆಲಸ ಚೆನ್ನಾಗಿಯೇ ಸಾಗಿತು. ಒಮ್ಮೆ ಮಾತ್ರ ಅತ್ತಿಗೆ ಧ್ವನಿಮುದ್ರಣ ನಿಲ್ಲಿಸಿ ಕರೆದರು. “ಏ ಹೌದಲ್ಲ, ಇಲ್ಲಿ ಕೇಳೇ. ‘ಆಗ ನಿಮಗೆ ಭಯ ಆಗ್ತಿರ್ಲಿಲ್ವಾ’ ಅಂತ ಕೇಳ್ತಾರೆ. ಈ ಅಜ್ಜ ಹೂಂ ಅಂತಾನೆ. ಭಯ ಆಗ್ತಿತ್ತು ಅಂತಲೋ, ಆಗ್ತಿರ್ಲಿಲ್ಲ ಅಂತಲೋ?”

“ಹೌದಲ್ಲ!” ಎಂದಳು ಹೌದಲ್ಲಮ್ಮ. ಇಬ್ಬರೂ ನಕ್ಕರು. “ಹೂಂ ಅಂತಲೇ ಬರೀರಿ. ಕಾಲೇಜಿನೋರು ತಲೆ ಕೆಡಿಸ್ಕೊಳ್ಲಿ.” ಅಲ್ಲಿಗೆ ಆ ಮಾತು ಮುಗಿಯಿತು.

ಆ ವಾರವೇ ಸಾಹೇಬರ ತಂತ್ರಾಂಶದ ಹೊಸ ಆವೃತ್ತಿ ಸಿದ್ಧವಾಯಿತು. ಗಿರಾಕಿಗಳಿಗೆ ಕಳಿಸುವ ಮೊದಲು ತನ್ನ ವಾಕ್ಯಗಳು ತೆರೆಯ ಮೇಲೆ ಹೇಗೆ ಕೂರುತ್ತವೆ ಎಂದು ನೋಡಲು ಹೌದಲ್ಲಮ್ಮ ಅದನ್ನು ಮನೆಗೆ ತಂದು, ಅತ್ತಿಗೆ ಮಧ್ಯಾಹ್ನ ವಿಶ್ರಾಂತಿಗೆಂದು ಕಂಪ್ಯೂಟರ್ ಬಿಟ್ಟು ಎದ್ದಾಗ ಹಾಕಲು ಕೂತಳು. ಹಳೆಯದನ್ನು ತೆಗೆದು ಹೊಸದನ್ನು ಹಾಕಿಕೊಳ್ಳುವುದು ಯಂತ್ರದ್ದೇ ಕೆಲಸ, ಹೊತ್ತು ಹಿಡಿಯುತ್ತದೆ. ಅಷ್ಟರಲ್ಲಿ ಮೋಡ ಕವಿಯಿತು. ಒಣಹಾಕಿದ ಬಟ್ಟೆ ತರಲು ಅವಳು ಮಹಡಿಗೆ ಓಡಿದಳು.

ಇತ್ತ ನೆಗಡಿಯಪ್ಪ ಬಾಯಿಬಿಟ್ಟ. “ಈ ಹಂಚಿಕೆ ಕಡತ ಇನ್ನು ಬೇಡವೇ? ಹೌದು. ಇಲ್ಲ.” ಉತ್ತರ ಬರದಿದ್ದಾಗ ಮತ್ತೆ ಅದನ್ನೇ ಹೇಳಿದ. ಅತ್ತಿಗೆ ಎದ್ದು ಬಂದು ಕುರ್ಚಿಯಲ್ಲಿ ಕೂತರು. ಹಂಚಿಕೊಂಡು ಬಳಸುವ ವಸ್ತು ಎನ್ನುತ್ತಿದೆ. ಅಂಥದ್ದನ್ನು ಬೇಡ ಎನ್ನಬಾರದು. ಬೇಡವೇ ಎಂದು ಕೇಳಿದರೆ, ಹೌದಪ್ಪಾ, ಬೇಕು. ಕೈಯಾಡಿಸಿ ಅವರು ‘ಹೌದು’ ಒತ್ತಿದರು.

ಯಂತ್ರ ತನ್ನಷ್ಟಕ್ಕೆ ಆರಿ, ಮತ್ತೆ ಹೊತ್ತಿಕೊಂಡಿತು. ಒಳಗಿನ ಫ್ಯಾನು ತಿರುಗುವ ಸದ್ದು ಅತ್ತಿಗೆಗೆ ಕೇಳಿಸಿತು. ಇನ್ನೇನು ನಮಸ್ಕಾರ ಎನ್ನುತ್ತಾನೆ ಎಂದು ಕೈಗಳನ್ನು ಮಂಡಿಯ ಮೇಲಿಟ್ಟು ಕಾದರು. ಫ್ಯಾನು ತಿರುಗುತ್ತಲೇ ಇತ್ತು. ನಮಸ್ಕಾರ ಬರಲಿಲ್ಲ.

ಬಟ್ಟೆಯ ರಾಶಿ ಹೊತ್ತು ಇಳಿದುಬಂದ ಹೌದಲ್ಲಮ್ಮ ಅತ್ತಿಗೆಯ ಮುಖ ನೋಡಿ ರಾಶಿಯನ್ನು ಅಲ್ಲೇ ಹಾಕಿದಳು.

“ಯಾವುದೋ ಕಡತ ಇನ್ನು ಬೇಡವೇ ಅಂತು. ಹೌದು ಅಂದೆ,” ಎಂದರು ಅತ್ತಿಗೆ.

“ಅಯ್ಯೋ! ಬೇಡ ಅಂದುಬಿಟ್ರಾ?”

“ನಾನೆಲ್ಲಿ ಬೇಡ ಅಂದೆ?”

ಹೌದಲ್ಲಮ್ಮ ಅದನ್ನು ಕಿವಿಗೆ ಹಾಕಿಕೊಳ್ಳಲಿಲ್ಲ. ಬರೆದವಳಿಗೆ ತನ್ನ ವಾಕ್ಯಕ್ಕೆ ಇರುವುದು ಒಂದೇ ಅರ್ಥ. ಹೌದು ಎಂದರೆ ಬೇಡ, ತೆಗೆ. ಅದು ಅವಳಿಗೆ ಬೆಳಕಿನಷ್ಟು ಸ್ಪಷ್ಟ. ಪಾಪ, ಅತ್ತಿಗೆಗೆ ಗುಂಡಿ ತಪ್ಪಿತು ಎಂದುಕೊಂಡು, “ಹೋಗ್ಲಿ ಬಿಡಿ ಅತ್ತಿಗೆ, ಗೊತ್ತಾಗದೆ ಆಯ್ತು,” ಎಂದಳು. ಸಮಾಧಾನಕ್ಕೆಂದೇ ಆಡಿದ ಮಾತು. ಅತ್ತಿಗೆ ಮುಖ ಚಿಕ್ಕದು ಮಾಡಿಕೊಂಡು, ಗೋಡೆ ಹಿಡಿದುಕೊಂಡು ತಮ್ಮ ಮಂಚಕ್ಕೆ ಹೋದರು.

ನೋಡೋಣನಿಗೆ ಹೇಳಿಕಳಿಸಿದರು. ಅವನು ಬಂದು, ಸ್ಪೀಕರಿನ ತಂತಿ ಎಳೆದು, ತಟ್ಟಿ, ಊದಿ, ಕೊನೆಗೆ ಕನ್ನಡಕ ಹಾಕಿಕೊಂಡು ತೆರೆಯೊಳಗೆ ಇಣುಕಿದ.

“ಸ್ಪೀಕರ್ ಚೆನ್ನಾಗೇ ಇದೆ. ಸದ್ದಿನ ಫೈಲೇ ಹೋಗಿದೆಯಲ್ಲ ಅಕ್ಕ,” ಎಂದ. “ಶೇರ್ಡ್ ಫೈಲು ಅದು. ಹಾಡು ಹಾಕೋದಕ್ಕೂ ಅದೇ, ನಿಮ್ಮ ಸಾಹೇಬ್ರ ಟಕ್ ಟಕ್‌ಗೂ ಅದೇ, ನೆಗಡಿಯಪ್ಪನಿಗೂ ಅದೇ. ಒಂದು ವಠಾರಕ್ಕೆಲ್ಲ ಒಂದೇ ಏಣಿ ಇರತ್ತಲ್ಲ, ಹಾಗೆ. ಯಾರದ್ದೂ ಅಲ್ಲ, ಎಲ್ಲರಿಗೂ ಬೇಕು.”

“ಮತ್ತೆ ಬೇರೆ ಯಾರೂ ಬಳಸ್ತಿಲ್ಲ ಅಂತ ಯಂತ್ರಕ್ಕೆ ಯಾಕೆ ಅನ್ನಿಸ್ತು?”

“ಯಾರ್ ಯಾರು ಬಳಸ್ತಾರೆ ಅಂತ ಯಂತ್ರ ಲೆಕ್ಕ ಇಡತ್ತೆ. ಈ ನೆಗಡಿಯಪ್ಪ ಹಳೇ ಕಾಲದೋನು. ಹೆಸರು ಬರೆಸದೆ, ಹೇಳದೆ ಕೇಳದೆ ಏಣಿ ಹತ್ತುತ್ತಿದ್ದ. ಅವನನ್ನ ಯಾರೂ ಲೆಕ್ಕಕ್ಕೆ ಹಿಡಿದಿಲ್ಲ.”

ಮಂಚದ ಕಡೆಯಿಂದ ಒಂದು ನಿಟ್ಟುಸಿರು ಕೇಳಿಸಿತು.

“ನೆಟ್‌ನಲ್ಲಿ ಹುಡುಕಿ ಹಾಕ್ಬಹುದಲ್ಲ?” ಎಂದಳು ಹೌದಲ್ಲಮ್ಮ.

“ಸಿಗತ್ತೆ. ಅದೇ ಹೆಸರಿನ ಫೈಲು ರಾಶಿ ರಾಶಿ ಸಿಗತ್ತೆ. ಯಾರು ಇಟ್ರು, ಒಳಗೇನಿದೆ, ದೇವರಿಗೇ ಗೊತ್ತು. ರಸ್ತೇಲಿ ಬಿದ್ದಿರೋ ಮಾತ್ರೆ ಎತ್ತಿ ನುಂಗ್ತೀರಾ? ಇದೇ ಕಾಲದ, ಇದೇ ಜಾತಿಯ ಇನ್ನೊಂದು ಕಂಪ್ಯೂಟರಿಂದ ತರ್ಬೇಕು. ಹೊಸದರದ್ದು ಇದಕ್ಕೆ ಹೊಂದಲ್ಲ.” ತಲೆ ಕೆರೆದುಕೊಂಡು, “ನೋಡೋಣ,” ಎಂದ. ಅಂಗಡಿಯಲ್ಲಿ ಹುಡುಕಿ ಸಂಜೆಗೆ ಬರುವುದಾಗಿ ಹೇಳಿ ಹೋದ.

ಅವನು ಹೋದ ಮೇಲೆ ಅತ್ತಿಗೆ ಮೆಲ್ಲಗೆ ಹೇಳಿದರು. “ಕಾಲೇಜಿನೋರಿಗೆ ಫೋನ್ ಮಾಡಿಬಿಡು. ಧ್ವನಿಮುದ್ರಣ ವಾಪಸ್ ಕೊಡ್ತೀವಿ ಅನ್ನು.”

“ಸರಿಹೋಗತ್ತೆ ಅತ್ತಿಗೆ...”

“ಯಂತ್ರ ಸರಿಹೋಗತ್ತೆ. ನಾನು? ಒಂದು ಹೌದು ಇಲ್ಲ ಗೊತ್ತಾಗದೋಳು, ಬೇರೆಯವರ ಮಾತು ಕೇಳಿ ಏನು ಬರೀತೀನಿ? ಒಪ್ಪಂದ ಒಪ್ಪಂದವೇ. ಪೆಟ್ಟಿಗೆ ಕೆಳಗಿಳಿಸು.”

ಹೌದಲ್ಲಮ್ಮ ಪೆಟ್ಟಿಗೆ ಇಳಿಸಲಿಲ್ಲ, ಫೋನೂ ಮಾಡಲಿಲ್ಲ. ಅಡುಗೆಮನೆಗೆ ಹೋಗಿ ತೊಳೆದಿಟ್ಟ ಲೋಟಗಳನ್ನೇ ಮತ್ತೆ ತೊಳೆದಳು. ಈ ಮನೆಯಲ್ಲಿ ಅತ್ತಿಗೆ ಇಲ್ಲದ ಸಂಜೆ ಹೇಗಿರುತ್ತದೆ ಎಂದು ಯೋಚಿಸಿದಳು. ಯೋಚನೆ ಮುಂದೆ ಹೋಗಲಿಲ್ಲ, ಕಣ್ಣಲ್ಲಿ ನೀರು ಬಂತು.

ವ್ಯಾನು ನಿಂತ ಸದ್ದಾಯಿತು. ಹೂಂ ಒಳಗೆ ಬಂದು, ಚಪ್ಪಲಿ ಬಿಟ್ಟು, ಕುರ್ಚಿ ಎಳೆದುಕೊಂಡ.

“ರೀ, ಟೀ ಬೇಡ್ವಾ?”

“ಹೂಂ.”

ಹೌದಲ್ಲಮ್ಮ ಟೀ ಸೋಸತೊಡಗಿದಳು. ಮಂಚದ ಮೇಲಿಂದ ಅತ್ತಿಗೆ ಅಂದರು, “ಅವನು ಹೂಂ ಅಂದದ್ದು ಬೇಕು ಅಂತಲೋ, ಬೇಡ ಅಂತಲೋ? ನನಗೆ ಇವತ್ತಿಗೂ ತಿಳಿಯಲ್ಲ. ಮುಖ ಕಾಣೋರಿಗೇನು, ನಡೆಯತ್ತೆ.”

ಸೋಸುವ ಕೈ ಹಾಗೇ ನಿಂತಿತು. ಟೀ ಲೋಟ ತುಂಬಿ ಕಟ್ಟೆಯ ಮೇಲೆ ಹರಿಯಿತು.

ತಾನು ಟೀ ಸೋಸತೊಡಗಿದ್ದು ಅವನ ಹೂಂ ಕೇಳಿ ಅಲ್ಲ, ಅವನು ಕುರ್ಚಿ ಎಳೆದುಕೊಂಡದ್ದು ನೋಡಿ. ಎದ್ದು ನಿಂತು ಅದೇ ಹೂಂ ಅಂದಿದ್ದರೆ, ಬೇಡ ಅಂತ ಲೋಟ ಎತ್ತಿಡುತ್ತಿದ್ದಳು. ‘ಬೇಡವೇ’ ಎಂದು ಕೇಳಿದರೆ ಕನ್ನಡದಲ್ಲಿ ಹೌದು ಎನ್ನುವುದಕ್ಕೆ ಎರಡು ಅರ್ಥ. ಹೌದು, ಬೇಕು. ಹೌದು, ಬೇಡ. ಯಾವುದೆಂದು ಹೇಳುವುದು ಮುಖ. ತೆರೆಯ ಮೇಲಿನ ಚೌಕಕ್ಕೆ ಎದುರಿನವರ ಮುಖ ಕಾಣುವುದಿಲ್ಲ.

“ಹೌದಲ್ಲ,” ಎಂದಳು. ಎಂದಿನ ಹಾಗೆ ಕಣ್ಣರಳಿಸಿ ಅಲ್ಲ, ತನಗೆ ತಾನೇ.

ಒದ್ದೆ ಕೈಯಲ್ಲೇ ಹೋಗಿ ಮಂಚದ ಪಕ್ಕ ಕೂತಳು. “ಅತ್ತಿಗೆ, ತಪ್ಪು ನಿಮ್ದಲ್ಲ. ನನ್ನ ವಾಕ್ಯದ್ದು. ನೀವು ಬೇಕು ಅಂತ ಹೌದು ಅಂದ್ರಿ. ಅದು ಬೇಡ ಅಂತ ತಿಳ್ಕೊಳ್ತು.”

ಅತ್ತಿಗೆ ತಲೆಯಾಡಿಸಿದರು. “ನನ್ನ ಮೇಲೆ ಕನಿಕರ ಪಟ್ಟು ಇಲ್ಲದ ತಪ್ಪು ತಲೆ ಮೇಲೆ ಹಾಕ್ಕೋಬೇಡ್ವೇ.”

ಬಾಯಲ್ಲಿ ಹೇಳಿದರೆ ಇವರು ನಂಬುವುದಿಲ್ಲ ಎಂದು ಹೌದಲ್ಲಮ್ಮನಿಗೆ ಖಾತ್ರಿಯಾಯಿತು. ಅಷ್ಟರಲ್ಲಿ ದರ್ಜಿಯಮ್ಮ, ವಿಷಯ ಏನೆಂದು ತಿಳಿಯಲು, ಕತ್ತರಿ ಕೈಯಲ್ಲಿ ಹಿಡಿದುಕೊಂಡೇ ಮೇಲೆ ಬಂದಳು. ಹಿಂದೆಯೇ ನೋಡೋಣನೂ ಬರಿಗೈಯಲ್ಲಿ ಬಂದ. ಹೌದಲ್ಲಮ್ಮ ನೆಟ್ಟಗೆ ದರ್ಜಿಯಮ್ಮನ ಕೈಯಿಂದ ಕತ್ತರಿ ಕಸಿದುಕೊಂಡಳು.

“ಈ ಕತ್ತರಿ ನಿಮಗೆ ಇನ್ನು ಬೇಡವೇ?”

“ಹೌದು ಮತ್ತೆ!” ಎಂದಳು ದರ್ಜಿಯಮ್ಮ, ವಾಪಸ್ ಕಿತ್ತುಕೊಳ್ಳುತ್ತ. “ಅದಿಲ್ದೆ ಹಲ್ಲಲ್ಲಿ ಬಟ್ಟೆ ಹರೀಲಾ?”

ಹೌದಲ್ಲಮ್ಮ ಮೇಜಿನ ಮೇಲಿದ್ದ ಕೆಟ್ಟ ಮೌಸನ್ನು ಎತ್ತಿ ನೋಡೋಣನ ಮುಂದೆ ಹಿಡಿದಳು. “ಈ ಮೌಸು ಇನ್ನು ಬೇಡವೇ?”

“ಹೌದು ಅಕ್ಕ, ಬಿಸಾಕಿ. ಯಾವ ಕಾಲದ್ದೋ.”

ಏನಾಯಿತೆಂದು ತಿಳಿಯದೆ ಆ ಇಬ್ಬರು ಮುಖ ಮುಖ ನೋಡಿಕೊಂಡರು. ಮಂಚದ ಮೇಲಿಂದ ಮೊದಲು ಒಂದು ಸಣ್ಣ ಸದ್ದು ಬಂತು, ಆಮೇಲೆ ಅತ್ತಿಗೆ ಹೊಟ್ಟೆ ಹಿಡಿದುಕೊಂಡು ನಕ್ಕರು. “ಇಬ್ಬರೂ ಹೌದು ಅಂದ್ರಲ್ಲೇ! ಒಂದು ಬೇಕು, ಒಂದು ಬೇಡ!”

“ಈಗ ನಂಬ್ತೀರಾ?”

“ಹೂಂ,” ಎಂದರು ಅತ್ತಿಗೆ. ತಕ್ಷಣ ಸೇರಿಸಿದರು, “ನಂಬ್ತೀನಿ ಅಂತ.”

ಪೆಟ್ಟಿಗೆಯ ಮಾತು ಆ ಸಂಜೆ ಮತ್ತೆ ಏಳಲಿಲ್ಲ. ಹೋಗುವ ಮಾತನ್ನು ಅತ್ತಿಗೆ ಹಿಂತೆಗೆದುಕೊಂಡರು ಎಂದೂ ಅಲ್ಲ. ಅದು ಹೌದಲ್ಲಮ್ಮನ ಮನಸ್ಸನ್ನು ಚುಚ್ಚುತ್ತಲೇ ಇತ್ತು.

ಮರುದಿನ ಬೆಳಗ್ಗೆ ಅವಳಿಗೆ ನೆನಪಾಯಿತು. ಮನೆಯ ಕಂಪ್ಯೂಟರ್ ಸಾಹೇಬರ ಕಚೇರಿಯಿಂದ ಬಂದದ್ದು. ಅದರ ಅವಳಿ ಇನ್ನೂ ಸಾಹೇಬರ ಮೇಜಿನ ಮೇಲಿದೆ. ನೋಡೋಣನನ್ನು ಎಬ್ಬಿಸಿಕೊಂಡು ಸೈಕಲ್ ಅಂಗಡಿಯ ಮೆಟ್ಟಿಲು ಹತ್ತಿದಳು. ಫೈಲನ್ನು ನಕಲು ಮಾಡಿಕೊಳ್ಳಲು ಸಾಹೇಬರು ಸಂತೋಷದಿಂದ ಒಪ್ಪಿದರು. ವಾಕ್ಯ ಬದಲಿಸಬೇಕು ಎಂದಾಗ ಮಾತ್ರ ಮುಖ ಗಂಟುಹಾಕಿದರು. ಎಲ್ಲ ಮುಗಿದು ಕಳಿಸುವ ಹೊತ್ತಿನಲ್ಲಿ ಇದೇನು ಹೊಸ ತಕರಾರು? ಅದೂ ಅಷ್ಟು ಚೆಂದ ಕೂತಿದ್ದ ವಾಕ್ಯ!

“ಸರ್, ಟೀ ತರಿಸಲ್ವಾ?” ಎಂದಳು ಹೌದಲ್ಲಮ್ಮ.

“ಹೂಂ.”

“ತರಿಸ್ತೀರೋ, ತರಿಸಲ್ವೋ?”

ಅವಳು ನಡೆದದ್ದನ್ನೆಲ್ಲ ಹೇಳಿದಳು. ಸಾಹೇಬರು ಕೆಟ್ಟವರಲ್ಲ, ಹೊರಗೆ ಹೋಗಲಿರುವ ಅಷ್ಟೂ ಯಂತ್ರಗಳು ಹೀಗೆ ಮೂಕವಾದರೆ ತಮ್ಮ ಟಕ್ ಟಿಣ್‌ಗಳ ಗತಿಯೇನು ಎಂದು ಗಾಬರಿಯಾಗಿ, “ಸಾಯಂಕಾಲದೊಳಗೆ ಬರೆದುಕೊಡಮ್ಮಾ,” ಎಂದರು. ಟೀಯನ್ನೂ ತರಿಸಿದರು.

ಮನೆಗೆ ಬಂದು ನೋಡೋಣ ಫೈಲನ್ನು ಅದರ ಜಾಗದಲ್ಲಿ ಕೂರಿಸಿದ. ಈ ಸಲ ನೆಗಡಿಯಪ್ಪನ ಹೆಸರನ್ನೂ ಯಂತ್ರದ ಲೆಕ್ಕಕ್ಕೆ ಸೇರಿಸಿದ. ಯಂತ್ರ ಆರಿ ಹೊತ್ತಿಕೊಂಡಿತು. ಅತ್ತಿಗೆ ಮೈಯೆಲ್ಲ ಕಿವಿಯಾಗಿ ಕೂತಿದ್ದರು.

“ನಮಸ್ಕಾರ, ಸಿದ್ಧ.”

“ಬಂದ್ಯೇನಪ್ಪಾ,” ಎಂದರು ಅತ್ತಿಗೆ. ಅವರ ಮೂಗೂ ಕಟ್ಟಿತ್ತು.

ಈಗ ವಾಕ್ಯ. ಗುಂಡಿಗಳಲ್ಲಿ ‘ಹೌದು’, ‘ಇಲ್ಲ’ ಎಂಬುದು ಬೇಡ, ಏನು ಮಾಡಬೇಕೋ ಅದನ್ನೇ ಬರೆಯೋಣ ಎಂದು ಹೌದಲ್ಲಮ್ಮ ಕ್ಷಣದಲ್ಲಿ ಬರೆದಳು: ‘ಅಳಿಸು’, ‘ಉಳಿಸು’. ಎರಡೂ ಪುಟ್ಟ ಪದ, ಒಂದಕ್ಕೊಂದು ಪ್ರಾಸ. ತೆರೆಯ ಮೇಲೆ ಅಕ್ಕಪಕ್ಕ ಕೂತರೆ ನೋಡಲು ಎಷ್ಟು ಚೆಂದ! ಅವಳಿಗೆ ಹಳೆಯ ಹೆಮ್ಮೆ ಮತ್ತೆ ಬಂತು. ಅದನ್ನು ನೆಗಡಿಯಪ್ಪನ ಬಾಯಲ್ಲಿ ಹೇಳಿಸಿದಳು.

“ಏನಂದ?” ಎಂದರು ಅತ್ತಿಗೆ. “ಎರಡು ಸಲಾನೂ ಒಂದೇ ಅಂದ್ನಲ್ಲ.”

ಮತ್ತೆ ಹೇಳಿಸಿದಳು. ನೆಗಡಿಯಪ್ಪ ಮೊದಲ ಅಕ್ಷರವನ್ನು ಮೂಗಿನಲ್ಲೇ ನುಂಗಿಬಿಡುತ್ತಿದ್ದ. ಉಳಿಯುತ್ತಿದ್ದದ್ದು ‘ಳಿಸು, ಳಿಸು’.

“ನೀನು ಕಣ್ಣಿಗೆ ಬರೀತೀಯ ಕಣೇ,” ಎಂದು ಅತ್ತಿಗೆ ಅವಳ ತೊಡೆ ತಟ್ಟಿದರು. “ಕಿವಿಗೂ ಸ್ವಲ್ಪ ಬರಿ. ಉದ್ದ ಆದ್ರೆ ಆಗ್ಲಿ ಬಿಡು, ಏನು ಗಂಟು ಹೋಗತ್ತೆ? ಒಂದಕ್ಕೆ ತೆಗೆದುಹಾಕು ಅನ್ನು. ಇನ್ನೊಂದಕ್ಕೆ...” ಸ್ವಲ್ಪ ಹೊತ್ತು ಯೋಚಿಸಿದರು. “ಹಾಗೇ ಇರಲಿ ಅನ್ನು.”

‘ಎಲ್ಲ ತಂತ್ರಾಂಶಗಳೂ ಹಂಚಿಕೊಳ್ಳುವ ಕಡತ ಇದು. ಇದನ್ನು ಏನು ಮಾಡಬೇಕು? ತೆಗೆದುಹಾಕು. ಹಾಗೇ ಇರಲಿ.’ ಚೌಕವನ್ನು ಸ್ವಲ್ಪ ದೊಡ್ಡದು ಮಾಡಬೇಕಾಯಿತು. ಜೀವಮಾನದಲ್ಲಿ ಮೊದಲ ಬಾರಿಗೆ ಹೌದಲ್ಲಮ್ಮ ಒಂದು ವಾಕ್ಯವನ್ನು ಉದ್ದ ಮಾಡಿ ಸುಖಪಟ್ಟಳು. ನೆಗಡಿಯಪ್ಪ ಅದನ್ನು ಓದಿದ. ಅತ್ತಿಗೆ ಒಂದು ಸಲ ಕೇಳಿ, ತಡಕಾಡದೆ ‘ಹಾಗೇ ಇರಲಿ’ ಒತ್ತಿದರು.

ಅದರ ಬೆನ್ನಿಗೇ ಇನ್ನೊಂದು ಕಡತದ ಬಗ್ಗೆ ಅದೇ ಪ್ರಶ್ನೆ ಬಂತು. ಈ ಸಲ ಅವರ ಕೈ ಕೀಲಿಮಣೆಯ ಮೇಲೇ ನಿಂತಿತು. ಅವರು ಏನನ್ನೋ ಯೋಚಿಸುತ್ತಿದ್ದರು. ವ್ಯಾನು ನಿಂತು, ಹೂಂ ಒಳಗೆ ಬಂದು ಚಪ್ಪಲಿ ಬಿಟ್ಟಾಗಲೂ ಹಾಗೇ ಕೂತಿದ್ದರು.

“ಏ, ಇಲ್ಲಿ ಬಾರೋ,” ಎಂದರು. ಅವನು ಬಂದು ನಿಂತ. “ಅವತ್ತು ವರಾಂಡದಲ್ಲಿ ನಿನ್ನ ಒಂದು ಮಾತು ಕೇಳಿದ್ದೆ, ನೆನಪಿದ್ಯಾ? ‘ನಾನಿನ್ನು ಈ ಮನೇಲಿ ಇರೋದು ಬೇಡ್ವಾ’ ಅಂದೆ.”

“ಹೂಂ.”

“ಅವತ್ತೂ ಹಿಂಗೇ ಹೂಂ ಅಂದೆ. ಅದು ಯಾವ ಹೂಂ?”

ವಸತಿಗೃಹದ ರಾಗ ಎಲ್ಲಿಂದ ಹುಟ್ಟಿತೆಂದು ಹೌದಲ್ಲಮ್ಮನಿಗೆ ತಿಳಿದದ್ದು ಆಗ. ಗಂಡನ ಮುಖ ನೋಡಿದಳು. ಅವನ ಮುಖದಲ್ಲಿ ಬಣ್ಣವೇ ಇರಲಿಲ್ಲ.

“ಯಾವ ಹೂಂ ಅಂದ್ರೆ?” ಎಂದ ಅವನು. “ಇರು ಅಂತ. ಮತ್ತಿನ್ನೇನು? ತಲೆ ಅಲ್ಲಾಡಿಸಿ ಕೈ ಆಡಿಸಿದ್ನಲ್ಲಕ್ಕ, ಎಲ್ಲಿಗೂ ಹೋಗೋದು ಬೇಡ ಅಂತ, ಜೋರಾಗಿ ಕೈ...”

ಅಲ್ಲಿಗೆ ನಿಲ್ಲಿಸಿದ. ಆ ದಿನ ಆಡಿಸಿದ ಕೈ ಈಗಲೂ ಗಾಳಿಯಲ್ಲಿ ಎತ್ತಿಕೊಂಡೇ ಇತ್ತು. ಅದನ್ನೊಮ್ಮೆ ನೋಡಿದ, ಅಕ್ಕನ ಕಣ್ಣುಗಳನ್ನು ನೋಡಿದ. ಮೆಲ್ಲಗೆ ಕೈ ಇಳಿಸಿದ.

“ಕಾಣಲಿಲ್ಲ ಕಣೋ,” ಎಂದರು ಅತ್ತಿಗೆ. “ನನಗೆ ಹೂಂ ಮಾತ್ರ ಕೇಳಿಸ್ತು.”

ಹೂಂ ಅಕ್ಕನ ಕುರ್ಚಿಯ ಪಕ್ಕ ನೆಲದ ಮೇಲೆ ಕೂತ. ಅವನಿಗೆ ಮಾತು ಬರುವುದೇ ಕಷ್ಟ. ಅಷ್ಟರಲ್ಲಿ ನೆಗಡಿಯಪ್ಪ, ಯಾರೂ ಉತ್ತರ ಕೊಡಲಿಲ್ಲವೆಂದು, ತೆರೆಯ ಮೇಲೆ ಇನ್ನೂ ಉಳಿದಿದ್ದ ಇನ್ನೊಂದು ಕಡತದ ಬಗ್ಗೆ ಮತ್ತೆ ಕೇಳಿದ. “ಇದನ್ನು ಏನು ಮಾಡಬೇಕು? ತೆಗೆದುಹಾಕು. ಹಾಗೇ ಇರಲಿ.”

“ಹಾಗೇ ಇರ್ಲಿ,” ಎಂದ ಹೂಂ, ಅಕ್ಕನ ಕೈ ಹಿಡಿದುಕೊಂಡು. “ಇಲ್ಲೇ ಇರಕ್ಕ. ಕೆಲಸ ಸಿಕ್ರೂ ಇರು, ಸಿಗದಿದ್ರೂ ಇರು. ನೀನು ಬೇಕು.”

ಅವನ ಬಾಯಿಂದ ಅಷ್ಟು ಉದ್ದದ ಮಾತು ಹೌದಲ್ಲಮ್ಮ ಮದುವೆಯಾದಾಗಿನಿಂದ ಕೇಳಿರಲಿಲ್ಲ. ಅದರಲ್ಲಿ ಒಂದು ಪದವನ್ನೂ ಕಿತ್ತುಹಾಕಬೇಕು ಎಂದು ಅವಳಿಗೆ ಅನ್ನಿಸಲಿಲ್ಲ. ಸೆರಗಿನಿಂದ ಕಣ್ಣೊರೆಸಿಕೊಂಡು ಅಡುಗೆಮನೆಯ ಬಾಗಿಲಿಗೆ ಹೋದವಳು, ಎಂದಿನ ಪ್ರಶ್ನೆ ಬಾಯಿಗೆ ಬಂದದ್ದನ್ನು ತಡೆದು, ತಿದ್ದಿ ಕೇಳಿದಳು.

“ರೀ, ಟೀ ಮಾಡ್ಲಾ?”

“ಹೂಂ,” ಎಂದ ಅವನು. ಅಕ್ಕನ ಕಡೆ ತಿರುಗಿ, ಅವರಿಗೂ ಕೇಳುವ ಹಾಗೆ ಗಟ್ಟಿಯಾಗಿ, “ಮಾಡು,” ಎಂದ.